ಬೇಲಿಯೊಳಗಿನ ಕಳೆ

...ಅದಕ್ಕೇ ಕಣೇ, ನಿಮ್ಮ ಕುಂಡದಲ್ಲಿ ಕಳೆ ಕೀಳಜ್ಜಿ ಅಂದ್ರೆ ನಾನು ಕೈ ಹಾಕಲ್ಲ ಅನ್ನೋದು. ಊರ್ಡಿಗೆರೆಯಿಂದ ಮೇಲಕ್ಕೆ ಬೆಟ್ಟ ಅದೆಯಲ್ಲ, ಈಗ ನೀವು ಹೋಗಿ ಫೋಟೋ ತೆಕ್ಕಂಡು ಬರ್ತೀರಿ, ಆವಾಗ ಅದು ರಿಸರ್ವು ಕಾಡು, ಒಂದು ಕಡ್ಡಿ ಮುರಿಯಂಗಿಲ್ಲ, ಕರಡಿ ಕಾಟ ಬೇರೆ. ಮಳೆ ಕೈಕೊಟ್ಟು ಎರಡು ವರ್ಷ, ಅಲ್ಲ, ಮೂರು ಅನ್ನಿ, ರೇಷನ್ನಲ್ಲಿ ಕೆಂಪು ಜೋಳ ಕೊಡೋರು, ರೊಟ್ಟಿ ತಟ್ಟಿದ್ರೆ ಹೆಂಚಿನ ಮೇಲೇ ಬಿರ್ಕು ಬಿಡೋದು, ನಿಮ್ಮ ತಾತ ಅದನ್ನೂ ಚಪ್ಪರಿಸ್ಕಂಡು ತಿನ್ನೋರು ಬುಡಿ. ಆಗ ಸಿಕ್ಕಿದ್ದು ಆ ಬೆಟ್ಟದ ಕೂಲಿ, ದಾರಿಗೆ ಬೆಳೆದ ಗಿಡಗಂಟಿ ಸವರೋದು. ಕೊಡ್ಸಿದ್ದು ಅಲ್ಲಿ ಕಾವಲಿದ್ದ ಈರಣ್ಣಮಾವ. ಸ್ವಂತ ಮಾವ ಅಲ್ಲ, ಬಾಯಿಮಾತಿಗೆ. ಬಂಡೆ ಪಕ್ಕ ಒಂದು ಮಂಚದಗಲ ಜಾಗಕ್ಕೆ ಅವರೇ ಮುಳ್ಳುಬೇಲಿ ಕಟ್ಟಿದ್ರು. ಒಳಗೇನದೆ ಮಾವ ಅಂದ್ರೆ, 'ಅಪರೂಪದ ಗಿಡ ಕಣವ್ವ, ಈ ಸೀಮೇಲಿ ಇಲ್ಲೊಂದೇ ಕಡೆ ಉಳ್ಕಂಡದೆ, ನೋಡೋಕೆ ದೊಡ್ಡ ಸಾಹೇಬ್ರು ಬರ್ತಾರೆ' ಅನ್ನೋರು. ಯಾವುದು ಅಂತ ಅವರೂ ತೋರಿಸ್ಲಿಲ್ಲ, ನಾನೂ ಕೇಳ್ಲಿಲ್ಲ.

ಸಾಹೇಬ್ರು ಬರೋ ದಿನ ಬೆಳಿಗ್ಗೆ ಮಾವ, 'ದಾರಿ ಸವರಿರು ಗಂಗಾ' ಅಂದು, ಅವರನ್ನ ಕರ್ಕಂಡು ಬರೋಕೆ ಕೆಳಗೆ ಹೋದ್ರು. ದಾರಿ ಬೇಗ ಮುಗೀತು. ನಾನು ಕಳೆ ಕಿತ್ತ ರಾಗಿ ಹೊಲದಲ್ಲಿ ಒಂದು ಅಣ್ಣೆಸೊಪ್ಪು ಉಳೀತಿರ್ಲಿಲ್ಲ, ಅಷ್ಟು ಕೊಬ್ಬು ನಂಗೆ. ಬೇಲಿಯೊಳಗೆ ನೋಡ್ತೀನಿ, ಬರೀ ಕಳೆ! ನೆಲಕ್ಕೆ ಅಂಟ್ಕಂಡಂಗೆ ಎರಡೆರಡು ಎಲೆ, ಹೂವಿಲ್ಲ ಏನಿಲ್ಲ. ಮಧ್ಯೆ ನಾಲ್ಕು ತುಂಬೆಗಿಡ, ಬಿಳೀ ಹೂ ಬಿಟ್ಕಂಡು. ಆ ಬರದಲ್ಲಿ ತುಂಬೆ ಎಲ್ಲೂ ಕಂಡಿರ್ಲಿಲ್ಲ. ಓಹೋ, ಶಿವನಿಗೆ ಶ್ರೇಷ್ಠ ಅಲ್ವಾ, ಇದನ್ನೇ ಕಾಯ್ತಿರೋದು ಅನ್ಕಂಡೆ. ಮುಳ್ಳು ಒಂಚೂರು ಸರಿಸಿ ಒಳಕ್ಕೆ ಹೋಗಿ, ತುಂಬೆ ಉಳಿಸಿ ಮಿಕ್ಕಿದ್ದೆಲ್ಲ ಬೇರು ಸಮೇತ, ಬೇರಲ್ಲ, ಸಣ್ಣ ಗೆಡ್ಡೆ, ಕಿತ್ತು ಬಂಡೆ ಹಿಂದಕ್ಕೆ ಎಸೆದೆ. ಶಭಾಷ್ ಅಂತಾರೆ ಅಂತ ಕಾಯ್ಕಂಡು ನಿಂತಿದ್ದೆ ಕಣ್ರೋ. ಸಾಹೇಬ್ರು ಬಂದು ಬಗ್ಗಿ ನೋಡಿದ್ರು. 'ಏನ್ರೀ ಈರಣ್ಣ, ತುಂಬೆಗಿಡಕ್ಕೆ ಬೇಲಿ ಹಾಕಿದೀರಾ?' ಮಾವನ ಮುಖ ಬಿಳಿಚ್ಕಂತು. ನಂಗೆ ಆಗ ಗೊತ್ತಾಯ್ತು, ನಾನು ಕಿತ್ತಿದ್ದೇ ಆ ಅಪರೂಪದ ಗಿಡ ಅಂತ. ಕೂಲಿ ಹೋಗ್ತದಲ್ಲಪ್ಪ ಅಂತ, 'ಹಂದಿ ನುಗ್ಗಿರ್ಬೇಕು ಸ್ವಾಮಿ' ಅಂದ್ಬುಟ್ಟೆ. ಹಂದಿ ನುಗ್ಗಿದ್ರೆ ಬೇಲಿ ನಿಂತಿರ್ತದಾ? ಮಾವ ನನ್ನ ಉಗುರು ನೋಡಿದ್ರು, ತುಂಬಾ ಮಣ್ಣು. 'ಹೌದು ಸ್ವಾಮಿ, ಹಂದೀನೇ. ನಾನೇ ಸರಿಯಾಗಿ ಕಾಯ್ಲಿಲ್ಲ' ಅಂದ್ರು. ಅವತ್ತೇ ಅವರ ಕೆಲಸ ಹೋಯ್ತು.

ಬೆಟ್ಟ ಇಳಿಯೋಕೆ ಮುಂಚೆ ನನ್ನ ಹತ್ರ ಬಂದು ಮೆಲ್ಲಗೆ ಅಂದ್ರು, 'ಬೈಯಲ್ಲ ಕಣವ್ವ. ಕಿತ್ತಿದ್ದು ಎಲ್ಲಿ ಹಾಕಿದೀಯ, ಅಷ್ಟು ಹೇಳು. ಗೆಡ್ಡೆ ಹಸಿಯಾಗಿದ್ರೆ ಈಗ್ಲೇ ನೆಡೋಣ, ಬದುಕ್ಕಂತವೆ.' ಅಯ್ಯೋ, ಆಡಿದ ಸುಳ್ಳು ಬಿಡೋಕೆ ಆಗ್ಲಿಲ್ಲ ಕಣೇ ನಂಗೆ. 'ನಂಗೇನು ಗೊತ್ತು ಮಾವ, ಹಂದಿ ತಿಂದಿರ್ತದೆ' ಅಂದೆ. ಹತ್ತು ಹೆಜ್ಜೆ ಆಚೆ ಬಿದ್ದಿದ್ವು, ಎಲೆ ಇನ್ನೂ ಬಾಡಿರ್ಲಿಲ್ಲ. ಮೂರನೇ ದಿನ ತಡೀಲಾರ್ದೆ ಹೋಗಿ ನೋಡಿದ್ರೆ ಬಿಸಿಲಿಗೆ ಹಪ್ಪಳ ಆಗಿದ್ವು. ನೆಟ್ಟೆ, ನೀರು ಹಾಕ್ದೆ, ಕೂತು ಅತ್ಬುಟ್ಟೆ, ಒಂದೂ ಏಳ್ಲಿಲ್ಲ. ಆಮೇಲೆ ಅಲ್ಲೇ ಎಷ್ಟೋ ದಿನ ಕೂಲಿ ಮಾಡಿದೀನಿ, ಆ ಎಲೆ ಮತ್ತೆ ಕಾಣ್ಲಿಲ್ಲ. ಮಾವ ಸಂತೇಲಿ ಸಿಕ್ಕಾಗೆಲ್ಲ 'ಚೆನ್ನಾಗಿದೀಯೇನವ್ವ' ಅನ್ನೋರು, ನಾನು ತಲೆ ತಗ್ಗಿಸ್ಕಂಡು ಹೋಗ್ಬುಡ್ತಿದ್ದೆ. ಹೇಳ್ಬೇಕು ಹೇಳ್ಬೇಕು ಅನ್ನೋದ್ರಲ್ಲೇ ಅವರು ತೀರ್ಕಂಡ್ರು. ತಪ್ಪು ಯಾರು ಮಾಡಲ್ಲ ಹೇಳಿ? ಮಾಡಿದ್ರೆ, ಗೆಡ್ಡೆ ಹಸಿ ಇರೋವಾಗ್ಲೇ ಬಾಯಿಬಿಡಿ ಕಣ್ರೋ.