ಮುದ್ರೆ ಬೀಳದ ಪುಸ್ತಕ

ಮಾನ್ಯ ಅಧ್ಯಕ್ಷರಾದ ಹಿರ್ವೆಲ ಅವರೇ, ನಗರಸಭೆಯ ಹಿರಿಯರೇ, ಹೆಲ್ಸಿಂಕಿಯಿಂದ ರೈಲು ಹತ್ತಿ ಬಂದಿರುವ ಅತಿಥಿಗಳೇ, ಏಲಕ್ಕಿ ಬನ್ನಿನ ಮೇಲೆ ಆಗಲೇ ಕಣ್ಣಿಟ್ಟಿರುವ ಸಭಿಕರೇ,

ನನ್ನ ಗಂಡ ತಾರ್ಮೋ ಕೌರಾನೆನ್ ತೀರಿಹೋಗಿ ಹನ್ನೊಂದು ತಿಂಗಳಾಯಿತು. ಅವರು ಹುಟ್ಟಿದ ಊರಿನ ಈ ಚಿತ್ರಮಂದಿರದ ಗೋಡೆಗೆ ಇಂದು ಅವರ ಹೆಸರಿನ ಫಲಕ ಹಾಕಿದ್ದೀರಿ. ಸಂತೋಷ. ಆದರೆ ಬಾಗಿಲಲ್ಲಿ ಎಲ್ಲರಿಗೂ ಹಂಚಿದ ಪರಿಚಯಪತ್ರದಲ್ಲಿ ಒಂದು ಸಾಲಿದೆ: "ಕುಡಿತದ ಚಟ ಈ ನಟನ ವೃತ್ತಿಯನ್ನು ಬೇಗ ಮುಗಿಸಿತು." ಆ ಸಾಲು ಇರುವವರೆಗೆ ನಾನು ಫಲಕದ ಪರದೆ ಎಳೆಯುವುದಿಲ್ಲ.

ನನ್ನ ಕೈಯಲ್ಲಿರುವ ಈ ಸಣ್ಣ ಪುಸ್ತಕದ ಗುರುತು ಹಿರಿಯರಿಗೆ ಸಿಕ್ಕೀತು. ಸರ್ಕಾರಿ ಅಂಗಡಿಯಲ್ಲಿ ಮದ್ಯದ ಬಾಟಲಿ ಕೊಂಡಾಗಲೆಲ್ಲ ಆ ಕಾಲದಲ್ಲಿ ಇದರಲ್ಲಿ ಒಂದು ಮುದ್ರೆ ಬೀಳುತ್ತಿತ್ತು. ನಿಮ್ಮ ಮನೆಗಳಲ್ಲೂ ಇತ್ತು, ನಾಚಿಕೆ ಬೇಡ. ಇದು ತಾರ್ಮೋ ಅವರದು. ಹಾಳೆ ತಿರುವಿ ನೋಡಿ. ಒಂದು ಮುದ್ರೆ ಇದೆಯೇ? ಒಂದಾದರೂ?

ಇಪ್ಪತ್ತಮೂರು ಚಿತ್ರಗಳಲ್ಲಿ ಹದಿನೇಳರಲ್ಲಿ ಅವರದು ಕುಡುಕನ ಪಾತ್ರ. ಕುಡುಕ ಮರಕಡಿಯುವವ, ಕುಡುಕ ಗಾಡಿಯವ, ಒಮ್ಮೆ ಕುಡುಕ ಮದುಮಗ. ಇದೇ ಕುರ್ಚಿಗಳಲ್ಲಿ ಕೂತು ನಕ್ಕಿರಿ. ಬೀದಿಯಲ್ಲಿ ಸಿಕ್ಕರೆ, "ಏನಯ್ಯಾ ತಾರ್ಮೋ, ಇವತ್ತು ನೆಲ ನೆಟ್ಟಗಿದೆಯಾ?" ಎಂದಿರಿ. ನಾನು ಸಿಡುಕಿದರೆ ಅವರು, "ಹೋಗ್ಲಿ ಬಿಡೇ ಸೈಮಿ. ಜನ ನಗೋದಕ್ಕೇ ಅಲ್ವೇನೇ ನನಗೆ ಸಂಬಳ" ಎನ್ನುತ್ತಿದ್ದರು.

ಪುಸ್ತಕ ಖಾಲಿಯಿದ್ದರೇನಂತೆ, ಕದ್ದು ಮದ್ಯ ಮಾರುತ್ತಿದ್ದ ಯಾಲ್ಮರಿಯ ಟ್ಯಾಕ್ಸಿ ಇರಲಿಲ್ಲವೇ ಎಂದು ನೀವು ಯೋಚಿಸುತ್ತಿರುವುದು ನನಗೆ ಗೊತ್ತು. ಇತ್ತು. ಸೀಟಿನ ಕೆಳಗೆ ಬಾಟಲಿ ಬಚ್ಚಿಟ್ಟುಕೊಂಡು ಅವನು ವಾರಕ್ಕೆರಡು ಮಧ್ಯಾಹ್ನ ನಮ್ಮ ಹಿತ್ತಲಿಗೆ ಬರುತ್ತಿದ್ದ. ನೀವು ಕಿಟಕಿಯಿಂದ ನೋಡಿದಿರಿ. ಆ ಮಧ್ಯಾಹ್ನಗಳಲ್ಲಿ ತಾರ್ಮೋ ಎಲ್ಲಿದ್ದರು ಎಂದು ಯಾರಾದರೂ ಕೇಳಿದಿರಾ? ಹೆಲ್ಸಿಂಕಿಯಲ್ಲಿ, ಕ್ಯಾಮೆರಾದ ಮುಂದೆ.

ಮನೆಯಲ್ಲಿದ್ದವಳು ನಾನು.

ನನ್ನ ಕುಡಿತ ಏಕೆ ಶುರುವಾಯಿತು ಎಂಬುದನ್ನು ದಿನಚರಿಯಲ್ಲಿ ಬರೆದಿಟ್ಟಿದ್ದೇನೆ. ಅದು ಅಲ್ಲಿಯೇ ಇರಲಿ. ಮದುಮಗನ ಚಿತ್ರವನ್ನು ನಾನು ಇಲ್ಲಿ, ಐದನೇ ಸಾಲಿನಲ್ಲಿ ಕೂತು ನೋಡಿದೆ. ಬೇರೆ ನಟರು ಕುಡುಕರಾದರೆ ತೂರಾಡುತ್ತಾರೆ. ತಾರ್ಮೋ ನೆಟ್ಟಗೆ ನಡೆಯಲು ಹೆಣಗಿದರು. ಸುಮ್ಮನೆ ಮುಟ್ಟಿದವರಂತೆ ಕುರ್ಚಿಯ ಬೆನ್ನನ್ನು ಎರಡೇ ಬೆರಳಲ್ಲಿ ಹಿಡಿದುಕೊಂಡರು. ಚಿತ್ರಮಂದಿರವೆಲ್ಲ ನಕ್ಕಿತು. ಆ ಎರಡು ಬೆರಳು ನನ್ನವು.

ಆಮೇಲೆ ಒಂದು ಪಾದ್ರಿಯ ಪಾತ್ರ ಬಂತು. ಅವರು ಕಾದಿದ್ದ ಪಾತ್ರ. ಅಷ್ಟರಲ್ಲಿ ಊರಿನ ಮಾತು ಸ್ಟುಡಿಯೋ ತಲುಪಿತ್ತು. ಪಾತ್ರ ಕೈತಪ್ಪಿತು, ಮತ್ತೆ ಯಾರೂ ಕರೆಯಲಿಲ್ಲ. "ನಾನೇ ಹೋಗಿ ನಿಜ ಹೇಳ್ತೀನಿ ರೀ" ಎಂದೆ. "ಹೇಳಿದ್ರೆ ನಿನ್ನ ನೋಡಿ ನಗ್ತಾರೆ ಕಣೇ. ಅದಕ್ಕೆ ನಿನಗೆ ಸಂಬಳ ಯಾರು ಕೊಡ್ತಾರೆ?" ಎಂದರು.

ಆ ಮಾತು ಕೇಳಿ ಸುಮ್ಮನಾದೆ. ಅದೇ ನನ್ನ ತಪ್ಪು. ಕುಡಿತ ಬಿಟ್ಟು ಹನ್ನೆರಡು ವರ್ಷವಾಯಿತು, ಈ ಮೌನ ಬಿಟ್ಟಿರಲಿಲ್ಲ. ಇವತ್ತು ಬಿಟ್ಟೆ. ನಗುವುದಿದ್ದರೆ ನನ್ನನ್ನು ನೋಡಿ ನಗಿ. ಇಗೋ, ಮೇಜು ಹಿಡಿಯದೆ ನಿಂತಿದ್ದೇನೆ.

ಅಧ್ಯಕ್ಷರೇ, ನಿಮ್ಮ ಪೆನ್ನು ಕೊಡಿ. ಆ ಸಾಲನ್ನು ಹೊಡೆದುಹಾಕುತ್ತೇನೆ. ನಿಮ್ಮ ನಿಮ್ಮ ಪ್ರತಿಯಲ್ಲಿ ನೀವೂ ಹೊಡೆದುಹಾಕಿ. ಕಾಯುತ್ತೇನೆ. ಎಲ್ಲರೂ ಪೆನ್ನು ಕೆಳಗಿಟ್ಟ ಮೇಲೆ ಪರದೆ ಎಳೆಯುತ್ತೇನೆ. ಕಾಫಿ ಆರಿದರೆ ಆರಲಿ.

ಇಷ್ಟು ಹೊತ್ತು ನಗದೆ ಕೇಳಿದ್ದಕ್ಕೆ ಧನ್ಯವಾದ. ತಾರ್ಮೋ ಕೌರಾನೆನ್ ಅವರ ಹೆಂಡತಿ ಸೈಮಿಯ ನಮಸ್ಕಾರ.