ನಾನೂರ ಐವತ್ತಾರು ಅಧಿಪತಿಗಳೂ ಒಂದು ಚರಂಡಿಯೂ

ಅರಮನೆ ಸೇವಕರ ಸಂಘದ ಅಧ್ಯಕ್ಷರಾದ ಶ್ರೀ ಲೂಕ್ಷಾ ಅವರೇ, ಆಶೀರ್ವದಿಸಲು ಬಂದಿರುವ ಪೂಜ್ಯ ಪಾದ್ರಿ ಇಲಿಯಾ ಅವರೇ, ವೇದಿಕೆಯ ಮೇಲಿರುವ ಹಿರಿಯರೇ, ರಗುಸಾ ಗಣರಾಜ್ಯದ ಮಹಾಜನರೇ, ಮುಂದಿನ ಸಾಲಿನಲ್ಲಿ ಕೈಕಟ್ಟಿ ಕೂತಿರುವ ನನ್ನ ಹೆಂಡತಿ ಮಾರುಶಾ, ಮತ್ತು ಸಭಿಕರೇ,

ಬಾಗಿಲು ಕಾಯುವವನಿಗೆ ಬೀಳ್ಕೊಡುಗೆ ಸಮಾರಂಭ ಮಾಡಿದ್ದು ಇದೇ ಮೊದಲಂತೆ. ಮೂವತ್ತೆಂಟು ವರ್ಷ ಬೇರೆಯವರಿಗೆ ‘ದಯಮಾಡಿಸಿ, ಹೋಗಿಬನ್ನಿ’ ಅಂದವನಿಗೆ ಇವತ್ತು ನೀವು ‘ಹೋಗಿಬಾ’ ಅನ್ನುತ್ತಿದ್ದೀರಿ. ಸಂತೋಷ. ಆದರೆ ಎಲ್ಲಿಗೆ ಹೋಗಲಿ? ಆ ವಿಚಾರಕ್ಕೆ ಆಮೇಲೆ ಬರುತ್ತೇನೆ.

ಬೇರೆ ದೇಶದ ಸೇವಕರು ಒಬ್ಬ ರಾಜನ ಸೇವೆ ಮಾಡಿ ಮೀಸೆ ತಿರುವುತ್ತಾರೆ. ನಾನು ಎಷ್ಟು ಜನರ ಸೇವೆ ಮಾಡಿದ್ದೇನೆ ಗೊತ್ತೇ? ತಿಂಗಳಿಗೊಬ್ಬರಂತೆ ನಾನೂರ ಐವತ್ತಾರು ಅಧಿಪತಿಗಳು! ಅಧಿಪತಿ ಬದಲಾಗುತ್ತಿದ್ದರು, ಕೆಂಪು ನಿಲುವಂಗಿ ಮಾತ್ರ ಅದೇ. ಉದ್ದದವರು ತೊಟ್ಟರೆ ಕಾಲು ಕಾಣುತ್ತಿತ್ತು, ಗಿಡ್ಡದವರು ತೊಟ್ಟರೆ ನೆಲ ಗುಡಿಸುತ್ತಿತ್ತು. ಪ್ರತಿ ತಿಂಗಳ ಮೊದಲನೇ ತಾರೀಕು ಸೂಜಿ ದಾರ ಹಿಡಿದು ಗಣರಾಜ್ಯದ ಕಾಲಬುಡದಲ್ಲಿ ಕೂರುತ್ತಿದ್ದವನು ಈ ಪಾಸ್ಕೊ.

ಇನ್ನು ಅಧಿಪತಿಯ ವೈಭವವೇನು? ರಾತ್ರಿ ಊರಬಾಗಿಲಿನ ಕೀಲಿಗಳೆಲ್ಲ ಅವರ ವಶ, ಆದರೆ ತಮ್ಮ ಅರಮನೆಯ ಹೊಸಿಲು ಮಾತ್ರ ದಾಟುವಂತಿಲ್ಲ. ರಾಜ್ಯದ ಕೆಲಸವಿದ್ದರೆ ಹೋಗಬಹುದು, ಅದೂ ವಾದ್ಯದವರು ಮುಂದೆ, ಕಿರುಸಭೆಯ ಹತ್ತು ಯಜಮಾನರು ಹಿಂದೆ. ಇಡೀ ರಗುಸಾದಲ್ಲಿ ಸಂತೆಗೆ ಹೋಗಿ ನಾಲ್ಕು ಅಂಜೂರ ಕೊಳ್ಳಲಾರದ ಒಬ್ಬನೇ ಮನುಷ್ಯ ಯಾರು? ಅಧಿಪತಿ! ಒಂದು ತಿಂಗಳಲ್ಲಿ ಯಾರೂ ದುರಹಂಕಾರಿಯಾಗಲಾರ. ತೂಕ ಹೆಚ್ಚಿಸಿಕೊಳ್ಳಬಹುದು, ಅಷ್ಟೇ.

ಹದಿನೇಳು ವರ್ಷದ ಹಿಂದೆ ಸೆರ್ ಒರ್ಸಾತ್ ಅವರ ತಿಂಗಳು. ಆಯ್ಕೆಯಾದ ದಿನ ಬೆಳಿಗ್ಗೆಯೇ ಅವರು ಹೆಂಡತಿ ನೀಕಾಬಾಯಿಯವರ ಅಡುಗೆಯ ಬಗ್ಗೆ, ಅಲ್ಲಿಂದ ಅವರ ತಾಯಿಯ ಬಗ್ಗೆ ಏನೋ ಆಡಿಬಿಟ್ಟಿದ್ದರು. ಮನೆ ಅರಮನೆಯ ಹಿಂದಿನ ಓಣಿಯಲ್ಲೇ. ಇಪ್ಪತ್ತೆರಡು ದಿನ ನೀಕಾಬಾಯಿ ಕಿಟಕಿ ತೆರೆಯಲಿಲ್ಲ. ಆಮೇಲೆ ಸುದ್ದಿ ಬಂತು: ಶನಿವಾರದ ದೋಣಿಗೆ ಶಿಪಾನ್ ದ್ವೀಪಕ್ಕೆ, ಅಣ್ಣನ ಮನೆಗೆ ಹೊರಟಿದ್ದಾರೆ, ವಾಪಸು ಬರುವ ಮಾತೇ ಇಲ್ಲ.

“ಪಾಸ್ಕೊ, ನನ್ನ ಕೈಯಲ್ಲಿ ನೂರಾರು ಹಡಗು ಇವೆ ಕಣೋ, ಒಂದು ದೋಣಿ ನಿಲ್ಲಿಸೋಕಾಗ್ತಿಲ್ಲ,” ಅಂತ ಅತ್ತುಬಿಟ್ಟರು.

ನಾನು ಅಂದೆ: “ಸ್ವಾಮಿ, ನಿಮ್ಮನೆ ಮುಂದಿನ ಚರಂಡಿ ಕಟ್ಟಿಕೊಂಡಿದೆಯಂತಲ್ಲ? ಚರಂಡಿ ರಾಜ್ಯದ್ದು ತಾನೇ?”

ಸಭಿಕರೇ, ಶುಕ್ರವಾರ ಕಹಳೆ ಊದಿಸಿಕೊಂಡು ಹೋದೆವು, ಚರಂಡಿ ತಪಾಸಣೆಗೆ! ಊರಿಗೆ ಊರೇ ಹಿಂದೆ ಬಂತು. ಅಧಿಪತಿಗಳು ಬಗ್ಗಿ ಚರಂಡಿ ನೋಡಿದರು, ನೆಟ್ಟಗಾಗಿ ಕಿಟಕಿ ನೋಡಿದರು.

“ನೀಕಾ, ಇಲ್ಲಿ ನೀರು ಸರಿಯಾಗಿ ಹೋಗ್ತಿದೆಯಾ?”

ಕಿಟಕಿ ಧಡಾರನೆ ತೆರೆಯಿತು. “ನೀರು ಚೆನ್ನಾಗೇ ಹೋಗ್ತಿದೆ. ಕಟ್ಟಿಕೊಂಡಿರೋದು ನಿಮ್ಮ ಬಾಯಿ! ತಪ್ಪಾಯ್ತು ಅನ್ನೋಕೆ ಇಷ್ಟು ಜನ ಬೇಕಿತ್ತೇನ್ರೀ?”

ಪೇಚಾಟ ಶುರುವಾಗಿದ್ದೇ ಅಲ್ಲಿ. ನಿಲುವಂಗಿ ತೊಟ್ಟ ಅಧಿಪತಿ ಕಿರುಸಭೆಯ ಒಪ್ಪಿಗೆಯಿಲ್ಲದೆ ರಾಜ್ಯದ ತಪ್ಪು ಒಪ್ಪಿಕೊಳ್ಳುವಂತಿಲ್ಲ. ಇದು ರಾಜ್ಯದ ತಪ್ಪೇ, ಮನೆಯ ತಪ್ಪೇ? ಹತ್ತು ಯಜಮಾನರು ಓಣಿಯಲ್ಲೇ ಗುಂಪುಗೂಡಿ ವಾದಿಸಿದರು, ಕೈ ಎತ್ತಿದರು. ತಪ್ಪೊಪ್ಪಿಗೆಯ ಪರ ಒಂಬತ್ತು, ವಿರುದ್ಧ ಒಂದು. ವಿರುದ್ಧ ಎತ್ತಿದವರಿಗೆ ಮದುವೆಯಾಗಿರಲಿಲ್ಲ. ಸೆರ್ ಒರ್ಸಾತ್ ಗಂಟಲು ಸರಿಮಾಡಿಕೊಂಡು ಗಟ್ಟಿಯಾಗಿ “ತಪ್ಪಾಯ್ತು” ಅಂದರು. ಜನ ಚಪ್ಪಾಳೆ ಹೊಡೆದರು, ವಾದ್ಯದವರು ಅಪ್ಪಣೆಯಿಲ್ಲದೆಯೇ ಬಾರಿಸಿದರು.

ನೀಕಾಬಾಯಿ ನಕ್ಕರು. ಆಮೇಲೆ ನನ್ನ ಕಡೆ ಬೊಟ್ಟು ಮಾಡಿದರು. “ನಿಮಗೇನೋ ಒಂದು ತಿಂಗಳ ಸೆರೆ. ಪಾಪ, ಇವನ ಹೆಂಡತಿಯ ಗತಿಯೇನು? ಬಾಗಿಲು ಕಾಯೋನೂ ರಾತ್ರಿ ಮನೇಲಿ ಮಲಗಬಾರದು ಅಂತ ಕಾನೂನಂತೆ? ಮಾರುಶಾ ಹೇಳ್ತಿದ್ದಳು.”

ಹತ್ತೂ ಯಜಮಾನರು ನನ್ನ ಕಡೆ ತಿರುಗಿದರು. ಕಾನೂನು ಮಾಡುವವರೇ ಅವರು! ಸೆರ್ ಒರ್ಸಾತ್ ನನ್ನ ಮುಖ ನೋಡಿದರು, ಅಧಿಪತಿಯ ಗಾಂಭೀರ್ಯದಲ್ಲಿ ಹೇಳಿದರು: “ಹೌದು. ಅಂಥದ್ದೊಂದು ಕಾನೂನಿದೆ.” ಎಂಥ ದೊಡ್ಡ ಮನುಷ್ಯರು ನೋಡಿ! ಇಲ್ಲದ ಕಾನೂನನ್ನು ಒಬ್ಬ ಸೇವಕನಿಗಾಗಿ…

ಅಯ್ಯೋ.

ಬಾಯಿಂದ ಬಂದುಬಿಟ್ಟಿತು. ಮಾರುಶಾ, ಹಾಗೆ ನೋಡಬೇಡ. ಸರಿ, ಇನ್ನು ಮುಚ್ಚಿಟ್ಟು ಏನು ಪ್ರಯೋಜನ? ಕಾನೂನು ಇರಲಿಲ್ಲ. ಸೂರ್ಯ ಮುಳುಗಿದ ಮೇಲೆ ನಾನು ಮನೆಗೆ ಬರಬಹುದಿತ್ತು, ಪ್ರತಿದಿನವೂ. ನಿಮ್ಮಮ್ಮನಿಗೆ ಹೆದರಿ ಬರಲಿಲ್ಲ ಅಂತ ಗೆಳೆಯರ ಹತ್ತಿರ ತಮಾಷೆ ಮಾಡುತ್ತಿದ್ದೆ. ಅದೂ ಸುಳ್ಳು. ಆ ಮುದುಕಿ ನನ್ನನ್ನು ಚೆನ್ನಾಗಿಯೇ ನೋಡಿಕೊಂಡಳು.

ನಮ್ಮ ಸ್ಲಾವಾ ಜ್ವರದಲ್ಲಿ ಹೋದಳಲ್ಲ, ನಾಲ್ಕು ವರ್ಷದ ಕೂಸು, ಆಮೇಲೆ ಅವಳು ಮಲಗುತ್ತಿದ್ದ ಮೂಲೆಯನ್ನು ನನ್ನಿಂದ ನೋಡಲಾಗಲಿಲ್ಲ. ಹಗಲು ಹೇಗೋ ಬಂದು ಊಟ ಮಾಡಿ ಹೋಗುತ್ತಿದ್ದೆ. ಮಲಗಲು ಮಾತ್ರ ಆಗುತ್ತಿರಲಿಲ್ಲ. ಅದಕ್ಕೇ ಒಂದು ಕಾನೂನು ಹುಟ್ಟಿಸಿದೆ. ನನ್ನ ದುಃಖವನ್ನು ಅರಮನೆಗೆ ಹೊತ್ತುಕೊಂಡು ಹೋದೆ, ನಿನ್ನದನ್ನು ನಿನ್ನೊಬ್ಬಳ ತಲೆಗೇ ಬಿಟ್ಟೆ. ಇಪ್ಪತ್ತು ವರ್ಷ. ನೀನು ಭಾನುವಾರ ಭಾನುವಾರ ಸೊಪ್ಪಿನ ಸಾರು ತಂದು, “ಹಾಳು ಕಾನೂನು” ಅಂತ ಗಣರಾಜ್ಯಕ್ಕೆ ಶಾಪ ಹಾಕುತ್ತಿದ್ದೆ. ನಾನು ತಲೆ ಬಗ್ಗಿಸಿ ಸಾರು ಕುಡಿಯುತ್ತಿದ್ದೆ. ಗಣರಾಜ್ಯದ್ದೇನೂ ತಪ್ಪಿರಲಿಲ್ಲ. ತಪ್ಪು ನನ್ನದು, ಮಾರುಶಾ. ಇದಕ್ಕೆ ಯಾರೂ ಕೈ ಎತ್ತಬೇಕಾಗಿಲ್ಲ.

ನಾಳೆಯಿಂದ ನನಗೆ ಅರಮನೆಯಲ್ಲಿ ಮಂಚವಿಲ್ಲ. ಎಲ್ಲಿಗೆ ಹೋಗಲಿ ಅಂತ ಆಗಲೇ ಕೇಳಿದ್ದು ತಮಾಷೆಗಲ್ಲ. ನೀನು ಬಾ ಅಂದರೆ…

ಎದ್ದೆಯಾ? ಲೂಕ್ಷಾ ಅವರೇ, ಅವಳು ಎದ್ದು ಹೊರಟಳು. ಯಾರೂ ತಡೆಯಬೇಡಿ, ದಾರಿ ಬಿಡಿ. ಹೋಗುವ ಹಕ್ಕು ಅವಳಿಗಿದೆ.

ಸ್ವಲ್ಪ ಇರಿ. ಬಾಗಿಲ ಹತ್ತಿರ ನಿಂತಳು. ಬಾಗಿಲು ತೆರೆದು ಕೈಯಲ್ಲಿ ಹಿಡಿದುಕೊಂಡೇ ನಿಂತಿದ್ದಾಳೆ. ಈ ಕಡೆ ನೋಡುತ್ತಿಲ್ಲ. ಮುಖದಲ್ಲಿ ಕೆಂಡದಂಥ ಕೋಪ. ಆದರೂ ಸಭಿಕರೇ, ನನಗೆ ಬೇರೆ ವಿದ್ಯೆ ಗೊತ್ತಿಲ್ಲ, ಬಾಗಿಲಿನ ವಿದ್ಯೆ ಗೊತ್ತು. ಬಿಟ್ಟು ಹೋಗುವವರು ಬಾಗಿಲನ್ನು ಹಿಂದೆ ಎಳೆದುಕೊಂಡು ಹೋಗುತ್ತಾರೆ. ತೆರೆದು ಹಿಡಿದುಕೊಂಡು ನಿಲ್ಲುವವರು ಹಿಂದೆ ಬರುವವರಿಗೆ ಕಾಯುತ್ತಿರುತ್ತಾರೆ.

ಅಧ್ಯಕ್ಷರೇ, ಶಾಲು ಬೇಗ ಕೊಟ್ಟುಬಿಡಿ, ಇಲ್ಲ, ನಾಳೆ ಕೊಡಿ, ಅವಳ ಕೈ ನೋಯುತ್ತದೆ. ಇಷ್ಟು ಹೊತ್ತು ಕೇಳಿದ ನಿಮಗೆಲ್ಲ ನಾನು ಋಣಿ. ನಮಸ್ಕಾರ, ನಮಸ್ಕಾರ. ಬಂದೆ ಕಣೇ!