ಗೋಡೆಗೊಂದು ಹೂಂ

…ಅಲ್ಲ ಮೇಡಂ, ಗೋಡೆ ಚೆನ್ನಾಗೇ ಇದೆ ಅಂತ ಎಷ್ಟು ಸಲ ಹೇಳ್ತೀರಿ? ಚೆನ್ನಾಗಿದ್ರೆ ಮಾತಾಡಬೇಕಲ್ವಾ! ಇಡೀ ಕಟ್ಟಡದಲ್ಲಿ ಮೂಕಗೋಡೆ ಅಂದ್ರೆ ನಮ್ಮನೇದೊಂದೇ. ಕಟ್ಟಿದವರು ನೀವು. ನಿಮ್ಮನ್ನಲ್ಲದೆ ಇನ್ಯಾರನ್ನ ಕರೆಸ್ಲಿ?

ಯಾಕೆ ನಗ್ತೀರಿ? ಹತ್ತನೇ ಕ್ಲಾಸಿಗೆ ಪುಸ್ತಕ ಮುಚ್ಚಿಟ್ಟವಳು ನಿಮಗೇ ಪಾಠ ಹೇಳ್ತಾಳೆ ಅಂತಾನಾ? ನಗಿ, ನಗಿ. ಮೆಲ್ಲಗೆ ನಗಿ, ತೊಟ್ಟಿಲಲ್ಲಿ ಗುಬ್ಬಿ ಮಲಗಿದಾಳೆ. ಎದ್ದಳೋ, ಆಮೇಲೆ ನೀವೇ ಎತ್ಕೊಂಡು ತಿರುಗಬೇಕಾಗುತ್ತೆ.

ನಮ್ಮ ಹಳೇ ಬೀದಿ ಕೆಡವಿದಾಗ ಎಲ್ಲರನ್ನೂ ನಿಲ್ಲಿಸ್ಕೊಂಡು ಹೇಳಿದ್ದು ನೀವೇ ತಾನೇ? 'ನಿಮ್ಮ ಮನೆಗಳ ಮಣ್ಣನ್ನೇ ಪುಡಿ ಮಾಡಿ ಹೊಸ ಗೋಡೆಯ ಗಾರೆಗೆ ಕಲಸ್ತೀನಿ. ಹೊಸ ಮನೇಲಿ ಆಡಿದ ಮಾತು ಎಲ್ಲೂ ಹೋಗಲ್ಲ. ಅಂಗೈ ಒತ್ತಿ ಕಿವಿ ಇಟ್ರೆ ಸಾಕು' ಅಂತ. ಸುಳ್ಳಲ್ಲ ಬಿಡಿ. ಪಕ್ಕದ ಮನೆ ಅಜ್ಜಿ ಹೋಗಿಬಿಟ್ರು, ಆದ್ರೂ ಮೊಮ್ಮಗಳಿಗೆ ಜಡೆ ಹಾಕ್ತಾ ಬೈಯೋದು ಅವರ ಗೋಡೇಲಿ ಈಗಲೂ ಇದೆ. ಮೇಲಿನ ಮನೆ ಟೈಲರ್ ಗಂಡ ಹೆಂಡ್ತಿ ಜಗಳವಂತೂ… ಅಯ್ಯಪ್ಪಾ! ಮೆಟ್ಟಿಲ ಗೋಡೆ ಮುಟ್ಟಿದ್ರೆ ಇಡೀ ಬೀದಿ ಕಚಪಚ ಅನ್ನುತ್ತೆ. ಕಸ ಹಾಕೋಕೆ ಹೋದಾಗೆಲ್ಲ ಅಲ್ಲೇ ಒರಗಿ ನಿಂತ್ಕೋತೀನಿ… ಸುಮ್ನೆ. ಕಾಲು ನೋವು ಅಂತ.

ಏನಂದ್ರಿ ಆಗಲೇ? ಒಬ್ಬರು ಆಡಿದ್ದಕ್ಕೆ ಇನ್ನೊಬ್ಬರು ಹೂಂ ಅನ್ನಬೇಕು, ಇಲ್ಲ ಜಗಳಾನಾದ್ರೂ ಆಡಬೇಕು, ಆಗಲೇ ಗೋಡೆಗೆ ಹತ್ತೋದು. ಒಬ್ಬರೇ ಆಡಿದ್ದು ಬರೀ ಸದ್ದು. ಆಯ್ತಮ್ಮಾ! ನಮ್ಮನೇಲೇನು ಹೂಂ ಅನ್ನೋರಿಗೆ ಬರವಾ? ನಮ್ಮನೆಯವರು ಬಾಯಿ ಬಿಟ್ರೆ ಮುಚ್ಚಲ್ಲ. ಸೇತುವೆ ಕೆಲಸ, ಊರೂರು ತಿರುಗಾಟ. ಬಂದಾಗ ಇದೇ ಗೋಡೆಗೆ ಬೆನ್ನು ಕೊಟ್ಟು ಕೂತು, ಗುಬ್ಬೀನ ತೊಡೆ ಮೇಲೆ ಹಾಕ್ಕೊಂಡು… ಅದು ಹತ್ತಬೇಕಿತ್ತು ಮೇಡಂ. ನಾಳೆ ಅವಳು ಅಪ್ಪನ ದನಿ ಹೇಗಿತ್ತು ಅಂದ್ರೆ ಏನು ಕೇಳಿಸ್ಲಿ? …ಅಂದ್ರೆ, ಅವರು ಕೆಲಸಕ್ಕೆ ಹೋಗಿದ್ದಾಗ.

ಏನು ನೋಡ್ತಿದೀರಿ? ಷರ್ಟಾ? ಅವರದೇ. ಹೌದು, ಬಣ್ಣ ಹೋಗಿದೆ. ವಾರ ವಾರ ಒಗೆದ್ರೆ ಹೋಗದೇ ಇರುತ್ತಾ? ಚಪ್ಪಲೀನೂ ಅವರದೇ. ಧೂಳಿಲ್ಲ, ನಾನೇ ಒರೆಸ್ತೀನಿ. ನೀವು ಗೋಡೆ ನೋಡೋಕೆ ಬಂದ್ರೋ, ಬಟ್ಟೆ ಎಣಿಸೋಕೆ ಬಂದ್ರೋ?

ಹಾಂ, ಇಡಿ ಕಿವಿ. ಕಿಟಕಿ ಪಕ್ಕ. ಇನ್ನೂ ಕೆಳಗೆ. ಏನೂ ಇಲ್ಲ ಅಲ್ವಾ? ನಾನು ಹೇಳ್ಲಿಲ್ವಾ! …ಯಾಕೆ ಹಾಗೆ ನೋಡ್ತೀರಿ? ನಾನೂ ಇಡಬೇಕಾ? ದಿನಾ ಇಡೋದೇ… ಸರಿ, ಜರುಗಿ ಸ್ವಲ್ಪ.

ಅಯ್ಯೋ! ಬಂತು! ಮೇಡಂ, ಬಂತು! 'ಗೋಡೆ ಚೆನ್ನಾಗೇ ಇದೆಯಮ್ಮ…' 'ಚೆನ್ನಾಗಿದ್ರೆ ಮಾತಾಡಬೇಕಲ್ವಾ!'

…ಇದು ಈಗ ತಾನೇ ನಾವಾಡಿದ್ದು.

ಇದರ ಹಿಂದಿನದು? ಇದಕ್ಕೂ ಮುಂಚಿನದು ಎಲ್ಲಿ? ಇಷ್ಟೇನಾ?

ಹಾಗಾದ್ರೆ ಗೋಡೆ… ಚೆನ್ನಾಗಿದೆ.

ಏನಾದ್ರೂ ಅನ್ನಿ ಮೇಡಂ. ಐಬಿದೆ ಅನ್ನಿ. ಇನ್ನೂ ಒಣಗಿಲ್ಲ ಅನ್ನಿ. ನಿಮ್ಮ ಗಂಟೇನು ಹೋಗುತ್ತೆ? …ಹೀಗೆ ಸುಮ್ನಿರಬೇಡಿ. ಸುಮ್ನಿರೋಕೆ ಈ ಮನೇಲಿ ಗೋಡೆಗಳೇ ಇದಾವೆ.

ನಾನೇ ಆಡ್ತಿದ್ದೆ. ಗಂಟಲು ದಪ್ಪ ಮಾಡ್ಕೊಂಡು 'ಗುಬ್ಬಿ ಏನು ಮಾಡ್ತಿದಾಳೆ?' ಅಂತಿದ್ದೆ. ಆಮೇಲೆ ನನ್ನ ದನೀಲಿ 'ಹೂಂ, ಈಗ ಮಲಗಿದ್ಲು' ಅಂತಿದ್ದೆ. ನಿಮ್ಮ ಗೋಡೆ ನಮ್ಮ ಗಣಿತದ ಟೀಚರಿಗಿಂತ ಕಿಲಾಡಿ, ಕಾಪಿ ಹೊಡೆದಿದ್ದು ಹಿಡಿದುಬಿಡ್ತು. ಅವನು ಈ ಮನೆಗೆ ಕಾಲೇ ಇಟ್ಟಿಲ್ಲ. ಗುಬ್ಬಿ ಮುಖಾನೂ ನೋಡಿಲ್ಲ. ಗೊತ್ತಾಗಿಬಿಡುತ್ತೆ ಅಂತ ಅಕ್ಕಪಕ್ಕದವರನ್ನೂ ಹೊಸಿಲು ದಾಟಿಸ್ಲಿಲ್ಲ, ವರಾಂಡದಲ್ಲೇ ಮಾತಾಡಿ ಕಳಿಸ್ತಿದ್ದೆ. ಹಾಕ್ಕೊಳ್ಳೋರಿಲ್ಲದ ಷರ್ಟು ಒಗೆದಿದ್ದೇ ಒಗೆದಿದ್ದು.

ಬ್ಯಾಗ್ ಎತ್ಕೋಬೇಡಿ. ಅಕ್ಕಾ… ಗೋಡೆ ಹತ್ರ ಬನ್ನಿ. ನಾನೊಂದು ಮಾತು ಆಡ್ತೀನಿ, ನೀವು ಹೂಂ ಅನ್ನಿ, ಸಾಕು. ಗುಬ್ಬಿಗಿನ್ನೂ ಹೂಂ ಅನ್ನೋಕೆ ಬರಲ್ಲ.

'ಗುಬ್ಬೀ, ನಿಮ್ಮಪ್ಪ ಬಂದೇ ಬರ್ತಾನೆ.'

…ಅನ್ನಲ್ವಾ? ಇದಕ್ಕೆ ಅನ್ನಲ್ಲ. ಸರಿ.

'ಗುಬ್ಬೀ… ಅವನು ಬರಲ್ಲ ಕಣೇ. ಈ ಮನೇಲಿ ನಾನೂ ನೀನೂ ಅಷ್ಟೇ.'

…ಅಂದ್ರಾ? ಏನಕ್ಕಾ, ಇಷ್ಟು ಮೆಲ್ಲಗೆ ಅಂದ್ರೆ ಗೋಡೆಗೆ ಹತ್ತುತ್ತಾ? ಇನ್ನೊಂದ್ಸಲ ಅನ್ನಿ.